ಟೋಪಿಯೊಳಗಿನ ಜಡೆ

ಎರಡು ಗಂಟೆಯ ಸೈರನ್ ಕೂಗಿತು. ಬೆಳಗಿನ ಪಾಳಿಯ ಹೆಂಗಸರು ಹತ್ತಿ ಗಿರಣಿಯ ಗೇಟು ದಾಟಿ ಹೊರಬರುತ್ತಿದ್ದಂತೆ, ಎದುರಿನ ತನ್ನ ಅಂಗಡಿಯಲ್ಲಿ ರುಯಿಲಿನ್ ಆಗಲೇ ಒರೆಸಿಟ್ಟ ಕುರ್ಚಿಯನ್ನು ಇನ್ನೊಮ್ಮೆ ಒರೆಸಿದಳು.

ಅವಳು ಕೂದಲು ಗುಂಗುರು ಮಾಡುವ ಅಂಗಡಿ ತೆರೆದು ಮೂರು ದಿನವಾಗಿತ್ತು. ಎಲ್ಲವನ್ನೂ ತಾನೇ ನಡೆಸುತ್ತಿದ್ದ ಸರ್ಕಾರ ಸ್ವಂತ ಅಂಗಡಿಗಳಿಗೆ ಈಗೀಗ ಪರವಾನಗಿ ಕೊಡುತ್ತಿತ್ತು, ನಿಜ. ಆದರೆ ಗಿರಣಿಯ ಖಾಯಂ ಕೆಲಸ ಬಿಟ್ಟು ಬಂದವಳು ಆ ಬೀದಿಯಲ್ಲಿ ಇವಳೊಬ್ಬಳೇ. ಹೆಂಗಸರು ಅಂಗಡಿಯ ಗೋಡೆಯ ಮೇಲಿನ ಗುಂಗುರು ಕೂದಲಿನ ಚಿತ್ರಗಳನ್ನು ಆಸೆಯಿಂದ ನೋಡುತ್ತಿದ್ದರು. ಮೊದಲು ಹೋಗಿ ಕೂತು ಎಲ್ಲರ ಬಾಯಿಗೆ ಬೀಳಲು ಯಾರಿಗೂ ಧೈರ್ಯವಿರಲಿಲ್ಲ. ಹೀಗೇ ಆದರೆ ಬಾಗಿಲು ಹಾಕಬೇಕು. ಗಿರಣಿ ಮತ್ತೆ ಸೇರಿಸಿಕೊಳ್ಳುವುದಿಲ್ಲ.

ಗುಂಪಿನ ಹಿಂದೆ ಫಾಂಗ್ ಗುರುಗಳು ಬರುತ್ತಿದ್ದರು. ರುಯಿಲಿನ್‌ಗೆ ನೂಲಿನ ಕೆಲಸ ಕಲಿಸಿದ ಹಿರಿಯ ಹೆಂಗಸು. ಎಂಟು ವರ್ಷ, ಯಂತ್ರ ಶುರುವಾಗುವ ಮೊದಲು, ಶಿಷ್ಯೆಯ ಹಣೆಯ ಮೇಲಿನ ಕೂದಲನ್ನು ಎಳೆ ಎಳೆಯಾಗಿ ಬಿಳಿ ಟೋಪಿಯೊಳಗೆ ತಾವೇ ಸೇರಿಸುತ್ತಿದ್ದರು. ಯಂತ್ರಕ್ಕೆ ಕೂದಲು ಸಿಕ್ಕರೆ ತಲೆಯ ಚರ್ಮವೇ ಕಿತ್ತು ಬರುತ್ತದೆ. ಇವಳು ಕೆಲಸ ಬಿಟ್ಟ ದಿನದಿಂದ ಅವರು ಮಾತು ಬಿಟ್ಟಿದ್ದರು.

ಇಂದು ನೇರ ಒಳಗೆ ಬಂದರು.

"ಏನೇ, ನೊಣ ಹೊಡೀತಾ ಕೂತಿದ್ದೀಯಾ?"

"ಬನ್ನಿ ಗುರುಗಳೇ. ಚಹಾ ಕೊಡ್ತೀನಿ."

"ನಿನ್ನ ಚಹಾ ಯಾರಿಗೆ ಬೇಕು? ನನ್ನ ಜಾಗಕ್ಕೆ ನೀನು ಬರ್ತೀಯ ಅಂತ ಎಂಟು ವರ್ಷ ತಿದ್ದಿದೆ. ಎಲ್ಲಾ ನೀರಲ್ಲಿ ಹೋಮ ಮಾಡಿದ ಹಾಗಾಯ್ತು."

"ಗುರುಗಳೇ, ನಾನು..."

"ಸುಮ್ನಿರು. ಇಷ್ಟು ದಿನ ನಿನ್ನ ತಲೆ ನಾನು ನೋಡಿದೆ. ಇವತ್ತು ನನ್ನದು ನೀನು ನೋಡು."

ಕುರ್ಚಿಯಲ್ಲಿ ಕೂತು ಟೋಪಿ ತೆಗೆದರು. ನರೆತ ಜಡೆ ಬಿಚ್ಚಿಕೊಂಡು ಸೊಂಟದವರೆಗೆ ಇಳಿಯಿತು. ಎಂಟು ವರ್ಷದಲ್ಲಿ ರುಯಿಲಿನ್ ಅದನ್ನು ಒಮ್ಮೆಯೂ ನೋಡಿರಲಿಲ್ಲ. ಹೊರಗೆ ಹೆಂಗಸರು ಬಾಗಿಲ ಬಳಿ ಗುಂಪುಗೂಡಿದರು.

"ಇಷ್ಟು ಉದ್ದದ ಜಡೆ ಕತ್ತರಿಸಲಾ?"

"ಕತ್ತರಿಸು. ಯಂತ್ರಕ್ಕೆ ಸಿಗದಷ್ಟು ಗಿಡ್ಡ ಮಾಡು. ಆದ್ರೆ ಕಿವಿ ಹತ್ರ ನಾಲ್ಕು ಗುಂಗುರು ಟೋಪಿ ಹಾಕಿದ್ರೂ ಕಾಣಬೇಕು. ನಾಳೆ ಊಟದ ಸಾಲಲ್ಲಿ ಎಲ್ಲರೂ ನೋಡಲಿ."

"ನಗ್ತಾರೆ ಗುರುಗಳೇ."

"ನಗಲಿ. ಎಲ್ಲಿ ಮಾಡಿಸಿದ್ದು ಅಂತ ಆಮೇಲೆ ಕೇಳೇ ಕೇಳ್ತಾರೆ."

ಕತ್ತರಿ ಹತ್ತಿರ ಬಂದಾಗ ಗುರುಗಳು ಟೋಪಿಯನ್ನು ಮಡಿಲಲ್ಲಿ ಮುದ್ದೆಯಾಗುವಂತೆ ಹಿಡಿದು ಕಣ್ಣು ಮುಚ್ಚಿಕೊಂಡರು. ಅವರ ಹಣೆಗೆ ಬಿದ್ದಿದ್ದ ಎಳೆಯೊಂದನ್ನು ರುಯಿಲಿನ್ ಬೆರಳಿನಿಂದ ಮೆಲ್ಲಗೆ ಕಿವಿಯ ಹಿಂದೆ ಸೇರಿಸಿದಳು.

ಹೊಸ್ತಿಲಾಚೆ ನಿಂತಿದ್ದ ಹೆಂಗಸೊಬ್ಬಳು ಅತ್ತಿತ್ತ ನೋಡಿ, ತನ್ನ ಟೋಪಿ ತೆಗೆದು ಕೈಯಲ್ಲಿ ಹಿಡಿದುಕೊಂಡಳು.