ಅಂಗೈ ಮೇಲಿನ ಆಮೆ

ಸಂಪದಾ ಪ್ಲಾಸ್ಟಿಕ್ ಆಮೆಯೊಂದನ್ನು ಎಡ ಅಂಗೈ ಮೇಲೆ ಇಟ್ಟುಕೊಂಡು ದಿಟ್ಟಿಸಿ ನೋಡಿದಳು. ಬಲಗೈಯಲ್ಲಿ ಮೊಬೈಲು ರೆಕಾರ್ಡ್ ಮಾಡುತ್ತಿತ್ತು. ಎದುರಿಗೆ ಚಾಪೆಯ ಮೇಲೆ ಮೂರೂವರೆ ವರ್ಷದ ಮಾಧುರಿ ಕೂತಿದ್ದಳು.

ಇಷ್ಟು ಹೊತ್ತಿಗೆ ಬೇರೆ ಮಕ್ಕಳಾಗಿದ್ದರೆ ಸಂಪದಾಳ ಕಣ್ಣು ನೋಡಿ, ಆ ಕಣ್ಣು ಹೋದ ಕಡೆಗೆ ನೋಡಿ, ಆಮೆ ಕಂಡ ಮೇಲೆ ಮತ್ತೆ ಅವಳ ಮುಖಕ್ಕೆ ತಿರುಗಿ ನಗುತ್ತಿದ್ದವು. ಕೆಲವು ಕಿತ್ತುಕೊಳ್ಳಲು ಬರುತ್ತಿದ್ದವು. ಮಾಧುರಿ ತಲೆ ತಗ್ಗಿಸಿದಳು. ಕೂತಲ್ಲೇ ಹಿಂದೆ ಸರಿದು ಗೋಡೆಗೆ ಬೆನ್ನು ಕೊಟ್ಟಳು. ಹೆಸರು ಹಿಡಿದು ಕರೆದರೂ ಬಾಯಿ ಬಿಡಲಿಲ್ಲ.

ಬಾಗಿಲಲ್ಲಿ ನಿಂತಿದ್ದ ತಾಯಿ ಪ್ರೇಮಲಾ ಅದನ್ನೆಲ್ಲ ನೋಡಿದ್ದಳು.

"ಸುಳ್ಳು ಹೇಳಬ್ಯಾಡ ಸಂಪದಾ. ನನ್ನ ಮಗಳಿಗಿ ಏನಾಗ್ಯಾದ?"

ಇಬ್ಬರೂ ಜಹೀರಾಬಾದಿನ ಕಾಲೇಜಿನಲ್ಲಿ ಒಂದೇ ಬೆಂಚಿನವರು. ತಾಂಡೂರಿನ ರೈಲ್ವೆ ನೌಕರರ ಮಗಳಾದ ಸಂಪದಾ ಈಗ ಹೈದರಾಬಾದಿನಲ್ಲಿ ಸಂಶೋಧನೆ ಮಾಡುತ್ತಾಳೆ. ಮನುಷ್ಯನ ಮಗು ಎದುರಿನವರ ನೋಟವನ್ನು ಓದುವುದನ್ನು ಹೇಗೆ ಕಲಿಯುತ್ತದೆ ಎಂಬುದು ಅವಳ ವಿಷಯ. ಅದಕ್ಕಾಗಿ ತೆಲಂಗಾಣದ ಗಡಿಭಾಗದ ಕಂಗ್ಟಿ, ಸಿರ್ಗಾಪುರದ ಅಂಗನವಾಡಿಗಳನ್ನು ಸುತ್ತುತ್ತಿದ್ದವಳು ನಾರಾಯಣಖೇಡದಲ್ಲಿ ಗೆಳತಿಯ ಮನೆಗೆ ಬಂದಿದ್ದಳು. ಪ್ರೇಮಲಾ ಬ್ಯಾಂಕಿನಲ್ಲಿ ನೌಕರಿ ಮಾಡುತ್ತಾಳೆ. ಜಹೀರಾಬಾದಿಗೆ ವರ್ಗವಾಗಿದ್ದರಿಂದ ಮಗಳನ್ನು ಅಲ್ಲಿನ ಒಂದು ನರ್ಸರಿಗೆ ಸೇರಿಸಲು ಹೋಗಿದ್ದಳು. ಮಾಧುರಿ ಅಲ್ಲಿ ಒಂದು ಪ್ರಶ್ನೆಗೂ ಉತ್ತರ ಕೊಟ್ಟಿರಲಿಲ್ಲ. ಮಗುವಿಗೆ ಎದುರಿನವರು ಅರ್ಥವಾಗುವಂತೆ ಕಾಣುವುದಿಲ್ಲ, ಡಾಕ್ಟರಿಗೆ ತೋರಿಸಿ, ಸೋಮವಾರದೊಳಗೆ ತಿಳಿಸದಿದ್ದರೆ ಸೀಟು ಬೇರೆಯವರಿಗೆ ಎಂದು ಅಲ್ಲಿನ ಟೀಚರ್ ಹೇಳಿ ಕಳಿಸಿದ್ದರು.

"ನಾ ಡಾಕ್ಟರ್ ಅಲ್ಲ ಪ್ರೇಮಿ. ನಂದು ಬರೀ ಆಟ. ಅದರಿಂದ ಒಂದು ಮಗೂಗ ಹಿಂಗ ಅಂತ ಹೇಳಾಕ ಬರಲ್ಲ."

"ನೂರು ಮಕ್ಕಳ್ನ ನೋಡೀದಿ ಅಂತಿ. ನನ್ನ ಕೂಸು ಒಂದೇ ಹಿಂಗ್ಯಾಕ?"

ಸಂಪದಾ ಆಮೆಯನ್ನು ಚೀಲಕ್ಕೆ ಹಾಕಿದಳು. ನಿಜಕ್ಕೂ ಅವಳು ನೋಡಿದ ಯಾವ ಮಗುವೂ ಹೀಗೆ ಮಾಡಿರಲಿಲ್ಲ.

ಅಡುಗೆಮನೆಯಿಂದ ಮಾಧುರಿಯ ಅಜ್ಜಿ, ಪ್ರೇಮಲಾಳ ಅತ್ತೆ ಸುಗಲಾಬಾಯಿ ಕೂಗಿದರು: "ಖಾಲಿಪೀಲಿ ಫಿಕರ್ ಮಾಡಬ್ಯಾಡ್ರಿ. ನನ್ನ ಮಗಾನೂ ನಾಕು ವರ್ಷದ ತನಕ ಮೂಕ ಬಸವಣ್ಣ ಇದ್ದ. ಈಗ ಬಾಯಿ ಮುಚ್ಚಂದ್ರ ಮುಚ್ಚಲ್ಲ."

ಸಂಜೆ ಸಂಪದಾ ಆ ವೀಡಿಯೊವನ್ನು ನಿಧಾನವಾಗಿ ಓಡಿಸಿ ನೋಡಿದಳು. ಒಂದು ವಿಚಿತ್ರ ಕಂಡಿತು. ಮಾಧುರಿ ಮೊದಲು ಸಂಪದಾಳ ಕಣ್ಣನ್ನೇ ನೋಡಿದ್ದಳು. ಆಮೇಲೆ ಅವಳ ನೋಟ ಅಂಗೈಗೆ ಹೋಗಿತ್ತು. ಮತ್ತೆ ಕಣ್ಣಿಗೆ ಬಂದಿತ್ತು. ತಲೆ ತಗ್ಗಿಸಿದ್ದು ಅದಾದ ಮೇಲೆ. ನೋಟವನ್ನು ಹಿಂಬಾಲಿಸುವ ಕೆಲಸ ಸರಿಯಾಗಿಯೇ ಆಗಿತ್ತು. ವರ್ಷ ತುಂಬುವ ಹೊತ್ತಿಗೆ ಮಕ್ಕಳಲ್ಲಿ ಕಾಣುವ ಗುಣ ಅದು. ಮಾಧುರಿಯಲ್ಲಿ ಅದು ಇತ್ತು. ಹಾಗಾದರೆ ಅಂಗೈಯಲ್ಲಿ ಅವಳು ಕಂಡದ್ದೇನು?

ಬಸ್ಸು ತಪ್ಪಿದ್ದರಿಂದ ಸಂಪದಾ ಅಲ್ಲೇ ಉಳಿದಳು. ಬೆಳಿಗ್ಗೆ ಎದ್ದು ನಡುಮನೆಯ ಬಾಗಿಲಿಗೆ ಬಂದಾಗ ಅಜ್ಜ ಶಿವಶಂಕರಪ್ಪ ಸ್ನಾನ ಮುಗಿಸಿ, ಹಣೆಗೆ ವಿಭೂತಿ ಹಚ್ಚಿ, ಮಣೆಯ ಮೇಲೆ ಕೂತಿದ್ದರು. ಕೊರಳಿನ ಲಿಂಗವನ್ನು ತೆಗೆದು ಎಡ ಅಂಗೈಯಲ್ಲಿ ಇಟ್ಟುಕೊಂಡಿದ್ದರು. ಕಣ್ಣು ತೆರೆದೇ ಇತ್ತು, ನೋಟ ಅಂಗೈ ಮೇಲೆ ಅಲುಗದೆ ನಿಂತಿತ್ತು. ಸುಗಲಾಬಾಯಿ ಸಪ್ಪಳವಾಗದಂತೆ ನಡೆಯುತ್ತಿದ್ದರು. ಪ್ರೇಮಲಾ ಫೋನಿನ ಗಂಟೆ ಅಡಗಿಸಿದ್ದಳು. ಲಿಂಗಪೂಜೆಯ ವಿಷಯ ಸಂಪದಾಗೆ ಗೊತ್ತಿತ್ತು. ಹತ್ತಿರದಿಂದ ನೋಡಿರಲಿಲ್ಲ.

ಅವಳು ಬಾಗಿಲ ಹಿಂದೆಯೇ ನಿಂತಳು. ಮಾಧುರಿ ಗೋಡೆಗೆ ಬೆನ್ನು ಕೊಟ್ಟು, ತಲೆ ತಗ್ಗಿಸಿ, ಬಾಯಿ ಮುಚ್ಚಿ ಕೂತಿದ್ದಳು. ನಿನ್ನೆ ಕೂತ ಹಾಗೆಯೇ.

ಸಂಪದಾಗೆ ತನ್ನ ಎಡಗೈ ನೆನಪಾಯಿತು. ಬಲಗೈಯಲ್ಲಿ ಮೊಬೈಲ್ ಇದ್ದ ಕಾರಣಕ್ಕೆ ಆಮೆ ಎಡಗೈಗೆ ಬಂದಿತ್ತು. ಈ ಮನೆಯಲ್ಲಿ ಹುಟ್ಟಿದ ಮಗುವಿಗೆ ಎಡ ಅಂಗೈ ದಿಟ್ಟಿಸುವವರು ಪೂಜೆಯಲ್ಲಿರುವವರು, ಅವರನ್ನು ಮಾತಾಡಿಸಬಾರದು.

ಆದರೆ ಮಾಧುರಿಯ ಬೆಳಗಿನ ಕೆಲಸ ಅಷ್ಟಕ್ಕೇ ಮುಗಿಯಲಿಲ್ಲ. ಅವಳು ಓರೆಗಣ್ಣಿನಿಂದ ಅಜ್ಜಿಯನ್ನು ನೋಡಿದಳು. ಅಜ್ಜಿ ಈ ಕಡೆ ತಿರುಗಿದ್ದರು. ಮಾಧುರಿ ಅಲುಗಲಿಲ್ಲ. ಅಜ್ಜಿ ಒಲೆಯ ಕಡೆ ಬೆನ್ನು ತಿರುಗಿಸಿದ್ದೇ ತಡ, ಅಂಬೆಗಾಲಿನಲ್ಲಿ ಹೋಗಿ, ಅಜ್ಜನ ಮುಖದ ಎದುರಿಗೇ ಇದ್ದ ಗೋಡೆಗೂಡಿನ ಡಬ್ಬಿ ತೆರೆದು ಒಂದು ಶೇಂಗಾ ಉಂಡಿ ತೆಗೆದುಕೊಂಡಳು. ಮುಚ್ಚಳ ಹಾಕಿದಳು. ಗೋಡೆಗೆ ಮರಳಿದಳು. ಬಾಗಿಲ ಹಿಂದಿದ್ದವಳು ಅವಳಿಗೆ ಕಾಣಲಿಲ್ಲ.

ತೆರೆದ ಎರಡು ಕಣ್ಣಿನ ಎದುರಿನ ಕಳ್ಳತನ. ಅಜ್ಜಿಯ ಕಣ್ಣು ನೋಡುತ್ತದೆ, ಅಜ್ಜನ ಕಣ್ಣು ತೆರೆದಿದ್ದರೂ ಈಗ ನನ್ನನ್ನು ನೋಡುವುದಿಲ್ಲ ಎಂಬ ವ್ಯತ್ಯಾಸ ಈ ಹುಡುಗಿಗೆ ಗೊತ್ತಿತ್ತೇ? ಚಿಂಪಾಂಜಿಗಳ ಮೇಲಿನ ಪ್ರಯೋಗಗಳನ್ನು ಸಂಪದಾ ಓದಿದ್ದಳು. ಬಲಶಾಲಿ ಚಿಂಪಾಂಜಿಗೆ ಕಾಣದ ಹಣ್ಣನ್ನು ಬಡಪಾಯಿ ಚಿಂಪಾಂಜಿ ಆರಿಸಿಕೊಳ್ಳುತ್ತದೆ. ಎದುರಿನವರಿಗೆ ಏನು ಕಾಣುತ್ತದೆಂಬ ಲೆಕ್ಕದ ಬೇರು ಮನುಷ್ಯನಿಗಿಂತ ಹಳೆಯದಿರಬಹುದು. ಆದರೆ ಆ ಪ್ರಾಣಿ ಮನಸ್ಸನ್ನು ಓದುತ್ತದೆಯೋ, ಬರೀ ರೂಢಿಯನ್ನು ಕಲಿತಿದೆಯೋ ಎಂಬ ಜಗಳ ಇನ್ನೂ ಮುಗಿದಿಲ್ಲ. ಅದೇ ಪ್ರಶ್ನೆ ಈಗ ಬಾಯಿ ತುಂಬ ಉಂಡಿ ತುಂಬಿಕೊಂಡು ಗೋಡೆಗೆ ಒರಗಿತ್ತು.

ಪೂಜೆ ಮುಗಿದ ಮೇಲೆ ಸಂಪದಾ ತಾನು ಕಂಡದ್ದನ್ನು ಅಜ್ಜನಿಗೆ ಹೇಳಿದಳು. ಶಿವಶಂಕರಪ್ಪ ನಕ್ಕರು.

"ದಿನಾ ಡಬ್ಬಿ ಸಪ್ಪಳ ಕೇಳತದವ್ವಾ. ಇಲಿ ಅಂತ ತಿಳಕೊಂಡಿದ್ದೆ."

"ಇಲಿ ಮುಚ್ಚಳ ಹಾಕತದೇನ್ರಿ?" ಎಂದು ಸುಗಲಾಬಾಯಿ ಗಂಡನನ್ನು ಕೆಣಕಿದರು.

ಪ್ರೇಮಲಾ ನಗಲಿಲ್ಲ. ಸಂಪದಾ ಅವಳನ್ನು ಪಕ್ಕಕ್ಕೆ ಕರೆದಳು.

"ನರ್ಸರಿಯಾಗ ಟೀಚರ್ ಹ್ಯಾಂಗ ಕೇಳಿದ್ರು? ಖರೆ ನೆನಪ ಮಾಡಿ ಹೇಳು."

"ಮಣಿ ತೋರ್ಸಿ, ಯಾವ ಬಣ್ಣ ಅಂತ ಕೇಳಿದ್ರು."

"ಮಣಿ ಎಲ್ಲಿತ್ತು?"

ಪ್ರೇಮಲಾ ತನ್ನ ಎಡಗೈ ಎತ್ತಿದಳು. ಬಲಗೈಯಲ್ಲಿ ಪೆನ್ನು ಹಿಡಿದಂತೆ ಮಾಡಿದಳು. ಕೈಗಳನ್ನು ಹಾಗೇ ಹಿಡಿದುಕೊಂಡು ಗೆಳತಿಯ ಮುಖ ನೋಡಿದಳು. "ಯವ್ವಾ..." ಎಂದಳು ಮೆಲ್ಲಗೆ.

ಊಟಕ್ಕೆ ಮೊದಲು ಸಂಪದಾ ಅದೇ ಆಟವನ್ನು ಮತ್ತೆ ಆಡಿಸಿದಳು. ಈ ಸಲ ಆಮೆ ಸ್ಟೀಲಿನ ತಟ್ಟೆಯಲ್ಲಿತ್ತು, ತಟ್ಟೆ ನೆಲದ ಮೇಲಿತ್ತು. ಅವಳು ಆಮೆಯನ್ನು ನೋಡಿದಳು. ಮಾಧುರಿ ಅವಳ ಕಣ್ಣು ನೋಡಿದಳು, ಆಮೆ ನೋಡಿದಳು, ಮತ್ತೆ ಕಣ್ಣು ನೋಡಿದಳು. ಆಮೇಲೆ ಬೆರಳು ಚಾಚಿ ಕೇಳಿದಳು:

"ಇದಕ್ಕ ಕಾಲು ಯಾಕ ಸಣ್ಣ ಅವ?"

ಪ್ರೇಮಲಾ ಬಾಗಿಲ ಚೌಕಟ್ಟಿಗೆ ಒರಗಿ ಸೆರಗಿನಿಂದ ಮೂಗು ಒರೆಸಿಕೊಂಡಳು. "ಅಂದ್ರ ನನ್ನ ಮಗಳಿಗಿ ಏನೂ ಆಗಿಲ್ಲ. ಹೌದಿಲ್ಲೋ?"

"ಅಷ್ಟು ದೊಡ್ಡ ಮಾತು ನಾ ಹೇಳಲ್ಲ. ಎರಡು ಕಡಿ ಆಕಿ ಸುಮ್ಮನಿದ್ದದ್ದಕ್ಕ ಕಾರಣ ಇತ್ತು, ಇಷ್ಟು ಹೇಳ್ತೀನಿ. ನಿಂಗ ಇನ್ನೂ ಅನುಮಾನ ಇದ್ರ ಡಾಕ್ಟರಿಗಿ ತೋರ್ಸು, ತಪ್ಪಿಲ್ಲ. ನರ್ಸರಿಗಿ ಹೆದರಿ ಮಾತ್ರ ತೋರಿಸಬ್ಯಾಡ."

"ನೀ ಕಾಲೇಜಿನಾಗೂ ಹಿಂಗೇ ಇದ್ದಿ. ಒಂದು ಹೌದು ಅನ್ನಾಕ ಹತ್ತು ಸಲ ತೂಗತಿ."

ಅಷ್ಟರಲ್ಲಿ ಗೂಡಿನ ಕಡೆಯಿಂದ ಡಬ್ಬಿಯ ಸಪ್ಪಳ ಬಂತು. ಪ್ರೇಮಲಾ ತಿರುಗಿದಳು. ಮಾಧುರಿಯ ಕೈಯಲ್ಲಿ ಇನ್ನೊಂದು ಉಂಡಿ. ಊಟದ ಹೊತ್ತಿನಲ್ಲಿ ಅದನ್ನು ಮುಟ್ಟುವಂತಿರಲಿಲ್ಲ.

"ಏ ಮಾಧೂ!"

ಮಾಧುರಿ ಓಡಲಿಲ್ಲ. ಅಜ್ಜನ ಮಣೆಯ ಮೇಲೆ ಚಕ್ಕಳಬಕ್ಕಳ ಹಾಕಿ ಕೂತಳು. ಉಂಡಿಯನ್ನು ಎಡ ಅಂಗೈ ಮೇಲೆ ಇಟ್ಟುಕೊಂಡು ಅಲುಗದೆ ದಿಟ್ಟಿಸಿದಳು.

ಪ್ರೇಮಲಾಳ ಬಾಯಿ ತಾನಾಗಿಯೇ ಮುಚ್ಚಿತು. ಒಳಗೆ ಸುಗಲಾಬಾಯಿಯ ಸೌಟು ನಿಂತಿತು. ಮಾಧುರಿಯ ರೆಪ್ಪೆ ಒಂದು ಗಳಿಗೆ ಮೇಲೆದ್ದಿತು. ಅಮ್ಮನ ಮುಖವನ್ನು ನೋಡಿಕೊಂಡು ನೋಟ ಮತ್ತೆ ಅಂಗೈಗೆ ಇಳಿಯಿತು. ಆಮೇಲೆ ಅವಳು ಉಂಡಿಯನ್ನು ಪೂರ್ತಿ ಬಾಯಿಗೆ ತುರುಕಿಕೊಂಡಳು.

ಬೆಳಿಗ್ಗೆ ಕಂಡದ್ದನ್ನು ರೂಢಿ ಎನ್ನಬಹುದಿತ್ತು. ಈಗ ಇವಳು ತನ್ನ ಕಣ್ಣನ್ನು ಇನ್ನೊಬ್ಬರು ಹೇಗೆ ಓದುತ್ತಾರೆಂದು ತಿಳಿದೇ ಕಣ್ಣನ್ನು ಅಲ್ಲಿಟ್ಟಿದ್ದಳು. ಹಾಗೆ ಕಂಡಿತು. ಸಂಪದಾ ಮೊಬೈಲಿಗೆ ಕೈ ಹಾಕಿದಳು. ಅದು ಚಾರ್ಜಿಗೆ ಇತ್ತು.

"ಇದು ನಿನ್ನ ಲೆಕ್ಕದಾಗ ಬರತದೇನು?" ಎಂದು ಪ್ರೇಮಲಾ ಕೇಳಿದಳು. ಅವಳಿಗೆ ನಗು ತಡೆಯಲಾಗುತ್ತಿರಲಿಲ್ಲ.

"ವೀಡಿಯೊ ಇಲ್ಲ. ಅದೂ ಒಂದೇ ಸಲ ಕಂಡದ್ದು. ಬರಲ್ಲ."

"ನನ್ನ ಲೆಕ್ಕದಾಗ ಬರತದ."

ಪ್ರೇಮಲಾ ತನ್ನ ಫೋನ್ ತೆಗೆದು ನರ್ಸರಿಗೆ ಹಚ್ಚಿದಳು.

"ಮೇಡಂ, ನಮಸ್ಕಾರ್ರಿ. ಮಾಧುರಿನ ಸೋಮವಾರ ಮತ್ತೊಮ್ಮೆ ಕರ್ಕೊಂಡು ಬರ್ತೀನ್ರಿ. ಒಂದೇ ಮಾತು ಕೇಳ್ತೀನಿ, ಸಿಟ್ಟಾಗಬ್ಯಾಡ್ರಿ. ಮಣಿ ಕೈಯಾಗ ಹಿಡೀಬ್ಯಾಡ್ರಿ. ಮೇಜಿನ ಮ್ಯಾಲ ಇಟ್ಟು ಕೇಳ್ರಿ."

ಆ ಕಡೆಯವರು ಏನೋ ಕೇಳಿದರು. ಪ್ರೇಮಲಾ ಮಗಳ ಉಬ್ಬಿದ ಕೆನ್ನೆಯನ್ನು ನೋಡುತ್ತ ಹೇಳಿದಳು:

"ಇಲ್ರಿ, ಮಾತು ಬರತದ್ರಿ. ನೀವು ಪೂಜಾದಾಗ ಇದ್ದೀರಿ ಅಂತ ಸುಮ್ಮನ ಕುಂತಿದ್ಲು."