ಎಂಟು ಎಣಿಸಿದ ಮೇಲೆ

ಬಿರಡೆ ಮತ್ತೆ ಜಾರಿತು. ಮಗಳು ಅದನ್ನು ತಿರುಗಿಸಿ, ಹೆಬ್ಬೆರಳಿನಿಂದ ಒಳಕ್ಕೆ ಒತ್ತಿ, ತಂತಿ ಮೀಟಿ ಕಿವಿಗೊಟ್ಟಳು. ಎರಡು ಸೆಕೆಂಡ್ ನೆಟ್ಟಗಿದ್ದ ಶ್ರುತಿ ಮೂರನೆಯದಕ್ಕೆ ಕೈಕೊಟ್ಟಿತು. ಇಪ್ಪತ್ತಾರು ವರ್ಷ ಪೆಟ್ಟಿಗೆಯಲ್ಲಿ ಮಲಗಿದ್ದು, ಈಗೊಂದು ತಿಂಗಳಿಂದಷ್ಟೇ ಎದ್ದಿರುವ ಪಿಟೀಲು. ಅದರ ಮೇಲೆ ಸಿಟ್ಟು ಮಾಡಿಕೊಂಡು ಏನು ಬಂತು?

"ಸೀಮೆಸುಣ್ಣ ಉಜ್ಜು, ಹಿಡಿಯತ್ತೆ. ನಿಮ್ಮಪ್ಪ ಹಾಗೇ ಮಾಡ್ತಿದ್ದ," ಅಂದರು ಬಾಗಿಲಲ್ಲಿ ನಿಂತಿದ್ದ ಅತ್ತೆ, ಅಪ್ಪನ ಅಕ್ಕ.

"ಈಗ ಸೀಮೆಸುಣ್ಣ ಎಲ್ಲಿಂದ ತರಲಿ ಅತ್ತೆ?"

ಅತ್ತೆ ಕೈಚೀಲದ ತಳ ತಡಕಿ ಒಂದು ಮೋಟು ತುಂಡು ತೆಗೆದು ಕೊಟ್ಟರು. "ನಲವತ್ತು ವರ್ಷ ಪಾಠ ಹೇಳಿದೋಳ ಚೀಲದಲ್ಲಿ ಇನ್ನೇನಿರತ್ತೆ, ಬಂಗಾರಾನಾ?" ನಗಲು ಹೋಗಿ, ಸೆರಗಿನಿಂದ ಮೂಗು ಒರೆಸಿಕೊಂಡರು.

ಅದು ಸಭಾಂಗಣದ ಪಕ್ಕದ ಸಾಮಾನು ಕೋಣೆ. ಮಡಚಿದ ಕುರ್ಚಿಗಳನ್ನು ಸೂರಿನವರೆಗೆ ಪೇರಿಸಿಟ್ಟಿದ್ದರು. ಗೋಡೆಯ ಆಚೆ ಅಪ್ಪ ಕತ್ತಿನವರೆಗೆ ಬಿಳಿ ಬಟ್ಟೆ ಹೊದ್ದು ಮಲಗಿದ್ದ. ನಲವತ್ತು ಜನ ತಗ್ಗಿದ ದನಿಯಲ್ಲಿ ಮಾತಾಡುತ್ತಿದ್ದರು. ಎರಡು ಗಂಟೆಗೆ ಗಾಡಿ ಸ್ಮಶಾನಕ್ಕೆ ಹೊರಡಬೇಕು.

ಪ್ರೋಗ್ರಾಮರ್ ಒಳಗೆ ಬಂದಳು. ಹತ್ತೊಂಬತ್ತು ವರ್ಷ ಆಫೀಸಿನಲ್ಲಿ ಅಪ್ಪನ ಪಕ್ಕದ ಮೇಜಿನವಳು; ಅಪ್ಪನನ್ನು ಅಲ್ಲಿ ಎಲ್ಲರೂ ಮೇಷ್ಟ್ರು ಎನ್ನುತ್ತಿದ್ದರು. ಅತ್ತು ಅತ್ತು ಕಣ್ಣು ಊದಿತ್ತು, ಮಾತು ಮಾತ್ರ ಕೆಲಸದ್ದು. "ಮೈಕು ಇಟ್ಟಿದೀನಿ. ಮೇಷ್ಟ್ರ ಮನೆ ಲ್ಯಾಪ್‌ಟಾಪೇ, ನಮ್ಮ ಪ್ರೋಗ್ರಾಮಿನಲ್ಲಿ ನಿಮ್ಮ ಹಾಡು ಅದರಲ್ಲೇ ಇತ್ತು. ನೀವು ಶುರು ಮಾಡಿದ ಕೂಡಲೇ ಕೇಳಿಸ್ಕೊಂಡು ಪಿಯಾನೋ ಹಿಂದೇನೇ ಬರತ್ತೆ."

"ಮೂರನೇ ಸಾಲಲ್ಲಿ ನಾನು ನಿಂತುಬಿಟ್ರೆ?"

"ಕಾಯತ್ತೆ. ಎಂಟು ಎಣಿಕೆ. ಆಮೇಲೆ ಮುಂದೆ ಹೋಗತ್ತೆ."

"ಹೋಗೇ ಬಿಡತ್ತಾ?"

"ಹೂಂ. ಅದೊಂದು ವಿಷಯಕ್ಕೆ ಮೇಷ್ಟ್ರು ನಮ್ಮ ಜೊತೆ ಒಂದು ವರ್ಷ ಜಗಳ ಆಡಿ ಸೋತ್ರು. ನಿವೃತ್ತಿ ದಿನ ಕೂಡ, ಆ ಎಂಟು ಅನ್ನೋದು ಪ್ರೋಗ್ರಾಮಿನಲ್ಲಿ ಎಲ್ಲಿ ಬರೆದಿದೆ ತೋರಿಸಮ್ಮ ಅಂದ್ರು. ತೋರಿಸ್ದೆ. ಕನ್ನಡಕ ಹಣೆಗೇರಿಸಿ, ಮೂಗು ಪರದೆಗೆ ತಾಗೋ ಹಾಗೆ ನೋಡಿ, ಏನೋ ಚೀಟೀಲಿ ಬರ್ಕೊಂಡ್ರು."

ಮಗಳು ಬಿರಡೆಗೆ ಸೀಮೆಸುಣ್ಣ ಉಜ್ಜತೊಡಗಿದಳು. ಮೂರನೇ ಸಾಲಿನಲ್ಲಿ ತಾನು ನಿಲ್ಲುತ್ತೇನೆಂದು ಅವಳಿಗೆ ಗೊತ್ತಿತ್ತು. ತಿಂಗಳಿಡೀ ಊಟದ ಹೊತ್ತಿನಲ್ಲಿ, ತನ್ನ ಕನ್ನಡಕದ ಅಂಗಡಿಯ ಹಿಂದಿನ ಕೋಣೆಯಲ್ಲಿ ನುಡಿಸಿದಾಗಲೂ ಅಲ್ಲೇ ನಿಂತಿದ್ದಳು. ಅಪ್ಪನ ಮುಂದೆ ಅಲ್ಲಿ ಎರಡನೇ ಸಲ ಹಿಂದೆ ಬೀಳುವುದು ಅವಳಿಗೆ ಬೇಡವಾಗಿತ್ತು.

*

ಆಗ ಅವಳಿಗೆ ಹನ್ನೆರಡು. ಬೆಳೆದ ಮೇಲೂ ಆಗಲಿ ಎಂದು ಅಪ್ಪ ದೊಡ್ಡವರ ಪಿಟೀಲನ್ನೇ ತಂದಿದ್ದ. ಶಾಲೆಯ ವೇದಿಕೆ, ಎದುರಿಗೆ ಇಡೀ ಶಾಲೆ, ಪಿಯಾನೋದಲ್ಲಿ ಅಪ್ಪ.

ಅಪ್ಪ ಹುಟ್ಟಾ ಪಕ್ಕವಾದ್ಯದವನು. ನೃತ್ಯ ಶಾಲೆಯಲ್ಲಿ, ನಾಟಕದ ತಾಲೀಮಿನಲ್ಲಿ, ಯಾರು ಮುಗ್ಗರಿಸಿದರೂ ಅವನ ಕೈ ನಿಲ್ಲುತ್ತಿರಲಿಲ್ಲ. ಹಾಡು ನಿಲ್ಲಬಾರದು, ಅದೇ ಅವನ ಕಸುಬು, ಅದೇ ಅವನ ಹೆಮ್ಮೆ. ಮೂರನೇ ಸಾಲಿನಲ್ಲಿ ಸ್ವರ ಒಮ್ಮೆಗೇ ಮೇಲಕ್ಕೆ ಜಿಗಿಯುವ ಕಡೆ ಹುಡುಗಿಯ ಬೆರಳು ಜಾಗ ಮರೆಯಿತು. ಅವಳು ಅಪ್ಪನತ್ತ ನೋಡಿದಳು. ಅಪ್ಪ ಮುಂದೆ ಹೋಗುತ್ತಿದ್ದ. ಹಾಡನ್ನು ಅವನೊಬ್ಬನೇ ಮುಗಿಸಿದ. ಚಪ್ಪಾಳೆ ಬಿತ್ತು. ಅವಳು ಕಮಾನು ಹಿಡಿದುಕೊಂಡು ಗೊಂಬೆಯ ಹಾಗೆ ನಿಂತೇ ಇದ್ದಳು.

ಮನೆಗೆ ಬಂದವಳು ಪಿಟೀಲನ್ನು ಪೆಟ್ಟಿಗೆಯಲ್ಲಿಟ್ಟು ಮಂಚದ ಕೆಳಗೆ ತಳ್ಳಿದಳು. ಅಪ್ಪ ತಪ್ಪಾಯಿತು ಎನ್ನಲಿಲ್ಲ. ಎನ್ನಲು ಬರುತ್ತಿರಲಿಲ್ಲ ಅವನಿಗೆ. ಬಾಗಿಲ ತನಕ ಬಂದು, ಬಾಯಿ ತೆರೆದು, "ಊಟ ಮಾಡಿದೆಯಾ?" ಎಂದು ಕೇಳಿ ಹೋದ.

*

ಮರುವರ್ಷ ಅಪ್ಪ ಕೆಲಸಕ್ಕೆ ಸೇರಿದ್ದು ಚಪ್ಪಲಿ ಅಂಗಡಿಯ ಮಹಡಿಯ ಮೇಲಿನ ಎರಡು ಕೋಣೆಯ ಆಫೀಸಿಗೆ. ಸಂಗೀತ ಕಲಿಯುವವರಿಗೆ ಕಂಪ್ಯೂಟರಿನಲ್ಲಿ ಜೊತೆ ನುಡಿಸುವ ತಂತ್ರಾಂಶ ಮಾಡುವ ಐದು ಜನ. ಅವರಿಗೆ ಪಿಯಾನೋದ ಎಂಬತ್ತೆಂಟು ಕೀಗಳ ದನಿ ಬೇಕಿತ್ತು. ಸದ್ದು ತಡೆಯಲು ಗೋಡೆಗೆ ಹಾಸಿಗೆ ಒರಗಿಸಿ, ಫ್ಯಾನ್ ಆರಿಸಿ, ಒಂದೊಂದು ಕೀಯನ್ನೂ ಮೆಲ್ಲಗೆ, ಗಟ್ಟಿಯಾಗಿ, ಹತ್ತು ಬಗೆಯಲ್ಲಿ ಒತ್ತಿ ರೆಕಾರ್ಡ್ ಮಾಡಿಸಿದ ಅಪ್ಪ. ಕೆಳಗೆ ಮೊಳೆ ಹೊಡೆಯುವ ಸದ್ದು ಬಂದಾಗೆಲ್ಲ ಮತ್ತೆ ಮೊದಲಿಂದ. ಬೆವರಿ ಬೆವರಿ ನಾಲ್ಕು ತಿಂಗಳಾಯಿತು.

ಕೆಲಸ ಮುಗಿದ ದಿನವೇ ಅಪ್ಪ ತಗಾದೆ ತೆಗೆದ: ಕಲಿಯುವವರು ಎಡವಿದರೆ ಇದು ನಿಲ್ಲಬೇಕು.

"ಅವರು ಎದ್ದು ಕಾಫಿ ಕುಡಿಯೋಕೆ ಹೋದ್ರೆ ಇಡೀ ದಿನ ಕಾಯ್ಬೇಕಾ ಮೇಷ್ಟ್ರೇ?" ಅಂದ ಮ್ಯಾನೇಜರು.

"ಕಾಯಲಿ. ಅದಕ್ಕೇನು ಬೇರೆ ಕೆಲಸ ಇದೆಯಾ?"

ಎಂಟು ಎಣಿಕೆಗೆ ರಾಜಿಯಾಯಿತು. ಅಪ್ಪ ಹಲ್ಲು ಕಚ್ಚಿಕೊಂಡು ಒಪ್ಪಿದ. ಎಷ್ಟೋ ಮಕ್ಕಳು ಅವನ ಬೆರಳಿನ ಜೊತೆ ನುಡಿಸಿ ದೊಡ್ಡವರಾದರು. ಅವನ ಹೆಸರು ಅವರಿಗೆ ಗೊತ್ತಿರಲಿಲ್ಲ.

ಹೋದ ತಿಂಗಳು ಆಸ್ಪತ್ರೆಯಲ್ಲಿ ಅಪ್ಪ ಕಿಟಕಿಯ ಕಡೆ ಮುಖ ಮಾಡಿಕೊಂಡು ಕೇಳಿದ: "ಆ ಹಾಡು... ನಾನು ಹೋದ ದಿನ ನುಡಿಸ್ತೀಯಾ ಪುಟ್ಟೀ?"

"ಅಪ್ಪಾ, ಸುಮ್ನಿರು."

"ನುಡಿಸ್ತೀಯಾ ಹೇಳು."

"ಹೂಂ, ನುಡಿಸ್ತೀನಿ."

"ನಿಲ್ಲೋ ಕಡೆ ನಿಲ್ಲು. ಪರವಾಗಿಲ್ಲ."

ಸಮಾಧಾನಕ್ಕೆ ಹೇಳಿದ ಮಾತು ಅಂದುಕೊಂಡಿದ್ದಳು.

*

ಸೀಮೆಸುಣ್ಣ ಹಚ್ಚಿದ ಮೇಲೆ ಬಿರಡೆ ನಿಂತಿತು. ಅವಳು ಅಪ್ಪನ ತಲೆಯ ಬಳಿ ನಿಂತು ಕಮಾನು ಎಳೆದಳು. ಪಿಯಾನೋ ಹಿಂದೆಯೇ ಬಂತು. ಅಪ್ಪನೇ. ಎಡಗೈ ತುಸು ಗಟ್ಟಿ, ಬಲಗೈ ಮೆತ್ತಗೆ. ಮುಂದಿನ ಸಾಲಿನ ಕುರ್ಚಿಯಲ್ಲಿ ಅತ್ತೆ ಬಾಯಿಗೆ ಸೆರಗು ಒತ್ತಿಕೊಂಡರು.

ಮೊದಲ ಸಾಲು ಹೋಯಿತು. ಎರಡನೆಯದೂ. ಮೂರನೆಯದರಲ್ಲಿ ಸ್ವರ ಜಿಗಿಯುವ ಕಡೆ ಬೆರಳು ತಡವರಿಸಿ, ಕಮಾನು ನಿಂತೇ ಹೋಯಿತು.

ಪಿಯಾನೋ ಮುಂದೆ ಹೋಗಲಿಲ್ಲ. ಅಲ್ಲೇ ಎರಡು ಸ್ವರಗುಚ್ಛಗಳನ್ನು ಮೆಲ್ಲಗೆ ಹಿಂದೆ ಮುಂದೆ ನುಡಿಸತೊಡಗಿತು, ಶಾಲೆಯ ಗೇಟಿನ ಬಳಿ ಮಗುವಿಗಾಗಿ ಅತ್ತಿತ್ತ ಓಡಾಡುವವರ ಹಾಗೆ. ಅವಳು ಎಣಿಸಿದಳು. ಐದು, ಆರು. ಏಳು, ಎಂಟು.

ಒಂಬತ್ತು.

ಮುಂದಿನ ಸಾಲಿನಲ್ಲಿ ಪ್ರೋಗ್ರಾಮರ್ ಸರಕ್ಕನೆ ತಲೆಯೆತ್ತಿದಳು. ಹತ್ತು. ಹನ್ನೊಂದು. ಪಿಯಾನೋ ಅದೇ ಎರಡನ್ನು ನುಡಿಸುತ್ತಲೇ ಇತ್ತು. "ಅಯ್ಯೋ ಮೇಷ್ಟ್ರೇ, ಆ ಎಂಟನ್ನ ತೆಗೆದೇ ಬಿಟ್ಟಿದೀರಲ್ಲ," ಎಂದು ಪಿಸುಗುಟ್ಟಿ, ಎರಡೂ ಕೈಗಳಲ್ಲಿ ಮುಖ ಮುಚ್ಚಿಕೊಂಡಳು.

ಇಪ್ಪತ್ತಾದ ಮೇಲೆ ಮಗಳು ಎಣಿಸುವುದನ್ನು ಬಿಟ್ಟಳು. ಬೆರಳು ತಾನಾಗಿಯೇ ಜಾಗಕ್ಕೆ ಬಂದು ಕೂತಿತ್ತು. ಒತ್ತಿದರೆ ಸರಿಯಾದ ಸ್ವರವೇ ಬರುತ್ತದೆಂದು ಈಗ ಅವಳಿಗೆ ಗೊತ್ತಿತ್ತು. ಅದು ಬಂದರೆ ಹಾಡು ಮುಂದೆ ಹೋಗುತ್ತದೆ. ಇನ್ನು ಉಳಿದಿರುವುದು ಒಂದೇ ಸಾಲು.

ಹೊರಗಿನಿಂದ ಗಾಡಿಯವನು ಬಾಗಿಲಲ್ಲಿ ಇಣುಕಿ ಗಡಿಯಾರ ನೋಡಿದ. ಅತ್ತೆ ಅವನಿಗೆ ಕೈ ಎತ್ತಿ, ಸ್ವಲ್ಪ ತಾಳಪ್ಪ ಎಂದು ಸನ್ನೆ ಮಾಡಿದರು.

ಕಮಾನನ್ನು ತಂತಿಯ ಮೇಲಿಟ್ಟುಕೊಂಡು, ಎಳೆಯದೆ, ಅವಳು ಅಪ್ಪನನ್ನು ಇನ್ನೂ ಒಂದು ಸುತ್ತು ಕಾಯಿಸಿದಳು.