ಪ್ರಧಾನಿಯ ಕೆಮ್ಮು

ಎರ್ಸಿಲಿಯೊ ತೆರೆಯ ಮೇಲೆ ಮೂವರು ಚಕ್ರವರ್ತಿಗಳಾಗಿ ಆಳಿದ್ದ, ಇಬ್ಬರು ಪೋಪ್‌ಗಳಾಗಿ ಆಶೀರ್ವದಿಸಿದ್ದ, ಲೆಕ್ಕವಿಲ್ಲದಷ್ಟು ಮಂತ್ರಿಗಳಾಗಿ ರಾಜೀನಾಮೆ ಕೊಟ್ಟಿದ್ದ. ರೋಮಿನ ಕಾಫಿ ಅಂಗಡಿಯವನು ಅವನ ಮುಂದೆ ಕಪ್ಪಿಡುವುದೂ ಕಪ್ಪಕಾಣಿಕೆ ಒಪ್ಪಿಸಿದ ಹಾಗೆ. ಹೀಗಾಗಿ, ತೀರಿಹೋದ ಪ್ರಧಾನಿ ಬೊರ್ಸೆಲ್ಲಿಯ ಕತೆ ಸಿನಿಮಾ ಆಗುತ್ತದೆಂದು ಕೇಳಿದ್ದೇ ತಡ, ಆ ಬೋಳು ಪ್ರಧಾನಿಯಂತೆ ಮುಂದಲೆ ಬೋಳಿಸಿಕೊಂಡು ಕೂತ.

ಪಾತ್ರ ಫುಲ್ವಿಯೊನಿಗೆ ಹೋಯಿತು. ಒಂದು ಕಾಲಕ್ಕೆ ಎರ್ಸಿಲಿಯೊನ ಸಿಂಹಾಸನದ ಹಿಂದೆ ಈಟಿ ಹಿಡಿದು ನಿಲ್ಲುತ್ತಿದ್ದವನಿಗೆ! ಮೂಗೊಂದು ಬಿಟ್ಟರೆ ಅವನಲ್ಲಿ ಪ್ರಧಾನಿಯದೇನಿತ್ತು? ದನಿಯೋ, ಎಣ್ಣೆ ಕಾಣದ ಬಾಗಿಲು. ಆಗಿನ ರೋಮಿನಲ್ಲಿ ಅದೇನೂ ಕೊರತೆಯಲ್ಲ. ಮುಖ ಒಬ್ಬರದು, ದನಿ ಇನ್ನೊಬ್ಬರದು, ಹಾಗೇ ಚಿತ್ರಗಳಾಗುತ್ತಿದ್ದವು. ನಿರ್ದೇಶಕ ತರ್ಕ್ವೀನಿ ದನಿಗೆಂದು ಕರೆದದ್ದು ಎರ್ಸಿಲಿಯೊನನ್ನೇ.

"ಹೋಗ್ರೀ, ಮುಖ ಸಿಗ್ಲಿಲ್ಲ ಅಂದ್ರೆ ಬಾಯಾದ್ರೂ ಸಿಕ್ತಲ್ಲ" ಎಂದಳು ಹೆಂಡತಿ ಅಮಾಲಿಯಾ.

ಡಬ್ಬಿಂಗ್ ಕೋಣೆಯ ಪರದೆಯಲ್ಲಿ ಫುಲ್ವಿಯೊನ ಮುಖ ಗೋಡೆಯಗಲ ಮೂಡಿದಾಗ ಎರ್ಸಿಲಿಯೊನ ಹೊಟ್ಟೆಗೆ ಬೆಂಕಿ ಬಿತ್ತು. ಈ ಕಂಚಿನ ಕಂಠವನ್ನು ಆ ಈಟಿಯವನಿಗೆ ದಾನ ಮಾಡುವುದೇ? ಅನುಕರಣೆಯಲ್ಲಂತೂ ಎರ್ಸಿಲಿಯೊನದು ಎತ್ತಿದ ಕೈ. ಪ್ರಧಾನಿಯ ಕೊನೆಯ ಭಾಷಣವನ್ನು ಫುಲ್ವಿಯೊನ ಕೀರಲು ದನಿಯಲ್ಲೇ, ಉಸಿರು ಸಿಕ್ಕಿಕೊಳ್ಳುವುದನ್ನೂ ಬಿಡದೆ, ಒಪ್ಪಿಸಿಬಿಟ್ಟ. ಫುಲ್ವಿಯೊ ನಗೆಪಾಟಲಾಗಲಿ ಎಂದೇ.

ಯಾರೂ ನಗಲಿಲ್ಲ. ತರ್ಕ್ವೀನಿ ಕನ್ನಡಕ ತೆಗೆದು ಕಣ್ಣೊರೆಸಿಕೊಂಡ.

"ಮೇಷ್ಟ್ರೇ, ಇಷ್ಟು ದಿನ ನಾವು ಪ್ರತಿಮೆ ಮಾಡ್ತಿದ್ವಿ. ಈಗ ಹೆದರಿದ ಮನುಷ್ಯ ಬಂದ ನೋಡಿ. ಇದು ಯಾರ ದನಿ?"

ಎರ್ಸಿಲಿಯೊಗೆ ಸುಳ್ಳು ಹೊಳೆಯುವ ಮೊದಲೇ, ಧ್ವನಿಯಂತ್ರದ ಮುಂದೆ ಕೂತಿದ್ದವನು ಅದು ನಮ್ಮ ಫುಲ್ವಿಯೊದೇ ಅಲ್ಲವೇ ಎಂದುಬಿಟ್ಟ. ಹಾಗಾದರೆ ಅವನೇ ಮಾತಾಡಲಿ ಎಂದ ತರ್ಕ್ವೀನಿ. ಆಮೇಲೆ ಹಿರಿಯನ ಮುಖ ನೋಡಿ ಮೆತ್ತಗಾದ.

"ಸಾಯೋ ದೃಶ್ಯದ ಕೆಮ್ಮು ಮಾತ್ರ ನಿಮ್ಮದೇ ಇರ್ಲಿ ಮೇಷ್ಟ್ರೇ. ಅವ್ನಿಗೆ ಕೆಮ್ಮೋಕ್ ಬರಲ್ಲ."

ಮೊದಲ ಪ್ರದರ್ಶನದ ದಿನ ಫುಲ್ವಿಯೊ ಬಾಗಿಲಲ್ಲೇ ಎರ್ಸಿಲಿಯೊನ ಕೈಹಿಡಿದು, ನನ್ನ ದನಿ ನನಗೆ ಕೊಡಿಸಿದ್ದು ಇವರೇ ಎಂದು ಎಲ್ಲರೆದುರು ಹೇಳಿದ. ಉರಿಯುವ ಬೆಂಕಿಗೆ ತುಪ್ಪ. ಒಳಗೆ, ತೆರೆಯ ಮೇಲೆ ಪ್ರಧಾನಿ ಹಾಸಿಗೆ ಹಿಡಿದ. ಕೆಮ್ಮು ಬಂತು, ಕಂಚಿನ ಕೆಮ್ಮು. ಅಮಾಲಿಯಾ ಹೆಮ್ಮೆಯಿಂದ ಗಂಡನನ್ನು ಮೊಣಕೈಯಲ್ಲಿ ತಿವಿದಳು. ಆ ಕೆಮ್ಮು ನಿಂತ ಮೇಲೆ ಎರ್ಸಿಲಿಯೊ ಕತ್ತಲಲ್ಲಿ ಇನ್ನೊಮ್ಮೆ, ತಾನೇ ಎಂದು ನಾಲ್ಕು ಜನಕ್ಕೆ ಗೊತ್ತಾಗುವಷ್ಟು ಜೋರಾಗಿ, ಕೆಮ್ಮಿದ.

ಮುಂದಿನ ಸಾಲಿನ ಹೆಂಗಸು ಕಣ್ಣೀರೊರೆಸುತ್ತ ಹಿಂದಕ್ಕೆ ತಿರುಗಿದಳು.

"ಸ್ವಲ್ಪ ತಡ್ಕೊಳ್ಳಿ ಅಜ್ಜ. ಅಲ್ಲಿ ಪ್ರಧಾನಿ ಸಾಯ್ತಿದಾರೆ."